ಕ್ಯಾಪ್ಟನ್ನನ ತುಂಬಿದ ಗ್ಲಾಸು

ಅರವತ್ತೆರಡರ ಚಳಿಗಾಲದಲ್ಲಿ ಲಂಡನ್ನಿನ ಹೊರಗಿನ ಸ್ಟುಡಿಯೋ ಒಂದರಲ್ಲಿ ನಾವು ಹಡಗು ಕಟ್ಟಿಕೊಂಡು ನಗೆಚಿತ್ರ ತೆಗೆಯುತ್ತಿದ್ದೆವು. ಹಡಗೆಂದರೆ ಪ್ಲೈವುಡ್ಡಿನ ಡೆಕ್ಕು, ಬಟ್ಟೆಯ ಮೇಲೆ ಬರೆದ ಆಕಾಶ. ಬಿರುಗಾಳಿ ಬೇಕಾದರೆ ಕ್ಯಾಮೆರಾ ಅತ್ತಿತ್ತ ತೂಗುತ್ತಿತ್ತು, ನಟರು ಅದಕ್ಕೆ ತಕ್ಕಂತೆ ವಾಲಾಡುತ್ತಿದ್ದರು.

ನನ್ನದು ಕಂಟಿನ್ಯುಟಿ ಕೆಲಸ. ಒಂದು ಶಾಟಿನಲ್ಲಿ ಸಿಗರೇಟು ಎಷ್ಟುದ್ದ ಇತ್ತು, ಕೋಟಿನ ಯಾವ ಗುಂಡಿ ಬಿಚ್ಚಿತ್ತು, ಎಲ್ಲ ಬರೆದಿಟ್ಟು ಮುಂದಿನ ಶಾಟಿನಲ್ಲೂ ಹಾಗೇ ಇರುವಂತೆ ನೋಡಿಕೊಳ್ಳಬೇಕು. "ಬೆರಿಲ್ ಕಣ್ಣು ತಪ್ಪಿಸಿ ಒಂದು ನೊಣಾನೂ ಹಾರಲ್ಲ," ಎಂದು ಚಹಾದ ಗಾಡಿ ತಳ್ಳುವ ಐವಿ ಹೇಳುತ್ತಿದ್ದಳು. ಆ ಹೊಗಳಿಕೆ ನೆನೆದರೆ ಈಗಲೂ ಮುಖ ಎಲ್ಲಿಟ್ಟುಕೊಳ್ಳಲಿ ಅನ್ನಿಸುತ್ತದೆ.

ಯಾಕೆಂದರೆ ವಿಲ್ಫ್ ಬಂದ ಮೇಲೆ ನನ್ನ ಕಣ್ಣು ನನ್ನ ಮಾತು ಕೇಳುವುದನ್ನೇ ಬಿಟ್ಟಿತ್ತು.

ವಿಲ್ಫ್ ಸೆಟ್ಟಿನ ಸಾಮಾನು ಜೋಡಿಸುವವನು. ತಟ್ಟೆ, ಚಮಚ, ಕ್ಯಾಪ್ಟನ್ನನ ರಮ್ಮು (ತಣ್ಣಗಾದ ಚಹಾ, ಅಷ್ಟೇ), ಎಲ್ಲ ಅವನ ಕೈಯಲ್ಲಿ. ಕೆಲಸ ಮಾಡುವಾಗ ನಾಲಿಗೆಯ ತುದಿ ಹೊರಗಿಟ್ಟುಕೊಳ್ಳುವ ಅಭ್ಯಾಸ ಅವನಿಗೆ.

"ಬೆರಿಲ್ ಮೇಡಂ, ಈ ಫೋರ್ಕು ನಿಮ್ಮ ಪುಸ್ತಕದಲ್ಲಿ ಯಾವ ಕಡೆ ಮಲಗಿದೆ?"

"ಎಡಕ್ಕೆ."

"ಗೊರಕೆ ಹೊಡೀತಿದೆಯಾ, ಅದನ್ನೂ ಬರೆದಿದ್ದೀರಾ?"

"ಕೆಲಸ ನೋಡು ವಿಲ್ಫ್," ಎಂದು ಮುಖಕ್ಕೆ ಪುಸ್ತಕ ಅಡ್ಡ ಹಿಡಿಯುತ್ತಿದ್ದೆ. ಅವನು ಆ ಕಡೆಯಿಂದ ಬಗ್ಗಿ ನೋಡುತ್ತಿದ್ದ.

ಆ ಮಂಗಳವಾರ ಕ್ಯಾಪ್ಟನ್ನನ ಊಟದ ದೃಶ್ಯ. ಒಂದು ಶಾಟು ಮುಗಿದು ಕ್ಯಾಮೆರಾ ಜಾಗ ಬದಲಾಯಿಸುತ್ತಿತ್ತು. ವಿಲ್ಫ್ ತೊಳೆದ ಖಾಲಿ ಗ್ಲಾಸು ಹಿಡಿದು ಮೇಜಿನ ಹತ್ತಿರ ಮಂಡಿಯೂರಿ ಕೇಳಿದ: "ಗ್ಲಾಸು ಎಷ್ಟಿರಲಿ?"

ಪುಸ್ತಕ ನೋಡಿಕೊಂಡೆ. ಆ ಸಾಲು ಖಾಲಿ. ಶಾಟು ನಡೆದಷ್ಟು ಹೊತ್ತೂ ನಾನು ನೋಡಿದ್ದು ದೀಪದ ಹಿಂದೆ ನಿಂತಿದ್ದ ಅವನನ್ನು.

"ತುಂಬಿಸು," ಎಂದೆ.

ಅವನ ಒಂದು ಹುಬ್ಬು ಮೇಲಕ್ಕೆ ಹೋಯಿತು. "ಖಂಡಿತಾನಾ?"

"ಹೇಳಿದಷ್ಟು ಮಾಡು."

ತುಂಬಿಸಿದ.

ಹಿಂದಿನ ದಿನ ತೆಗೆದದ್ದನ್ನು ಮಾರನೇ ದಿನ ಊಟದ ಹೊತ್ತಿಗೆ ಹಾಕಿ ನೋಡುವುದು ನಮ್ಮ ಪದ್ಧತಿ. ತೆರೆಯ ಮೇಲೆ ಕ್ಯಾಪ್ಟನ್ ಅರ್ಧ ಕುಡಿದು ಗ್ಲಾಸು ಕೆಳಗಿಟ್ಟ. ಮರುಕ್ಷಣ ಅದು ತುಂಬಿ ತುಳುಕುತ್ತಿತ್ತು. ಅಷ್ಟರಲ್ಲಿ ಕ್ಯಾಪ್ಟನ್ನನ ಊಟದ ಕೋಣೆಯ ಸೆಟ್ಟನ್ನು ಬಿಚ್ಚಿಹಾಕಿ ಆಗಿತ್ತು. ಮತ್ತೆ ಕಟ್ಟಲು ಎರಡು ದಿನ.

ನಿರ್ದೇಶಕ ಹಾರ್ಗ್ರೀವ್ ಕೂಗಾಡುವ ಮನುಷ್ಯನಲ್ಲ. ಎಲ್ಲರನ್ನೂ ಡೆಕ್ಕಿನ ಮೇಲೆ ಸೇರಿಸಿ ಮೆಲ್ಲಗೆ ಕೇಳಿದರು: "ಯಾರ ಕೆಲಸ ಇದು?"

ನಾನು ಬಾಯಿ ತೆರೆದೆ. ಅಷ್ಟರಲ್ಲಿ ವಿಲ್ಫ್ ಹೇಳಿದ: "ನಂದೇ ಸಾರ್. ಬೆರಿಲ್ ಅರ್ಧ ಅಂದಿದ್ರು. ನಾನು ಸರಿಯಾಗಿ ಕೇಳಿಸ್ಕೊಳ್ಳಲಿಲ್ಲ."

ತೆರೆದ ಬಾಯಿಯನ್ನು ಮುಚ್ಚಿಕೊಂಡೆ. ಹೌದು, ಮುಚ್ಚಿಕೊಂಡೆ. ಆರು ವರ್ಷ ಟೈಪ್ ಮಾಡಿ ಗಿಟ್ಟಿಸಿಕೊಂಡ ಕುರ್ಚಿ ಅದು, ಹೋದರೆ ಮತ್ತೆ ಸಿಗುವಂಥದ್ದಲ್ಲ.

ವಿಲ್ಫ್‌ನನ್ನು ಗೋದಾಮಿಗೆ ಹಾಕಿದರು. ಅಷ್ಟೇ ಆಗಿದ್ದರೆ ಸಹಿಸಬಹುದಿತ್ತೇನೋ. ಬರುವ ಸೋಮವಾರ ನಮ್ಮಲ್ಲಿ ಕೆಲವರು ಸೌತಾಂಪ್ಟನ್ನಿನಿಂದ ಲಿಸ್ಬನ್ನಿಗೆ ನಿಜವಾದ ಹಡಗಿನಲ್ಲಿ ಹೋಗಿ ಸಮುದ್ರದ ಶಾಟು ತೆಗೆಯುವುದಿತ್ತು. ತಿಂಗಳಿನಿಂದ ಅವನು ಅದನ್ನೇ ಜಪಿಸುತ್ತಿದ್ದ. ಪಟ್ಟಿಯಿಂದ ಅವನ ಹೆಸರು ಹೋಯಿತು. ನನ್ನ ಹೆಸರು ಉಳಿಯಿತು.

"ಪಾಪ, ಎಲ್ಲರೂ ಅವನನ್ನ ಕಿವುಡ ಅಂತ ಆಡ್ಕೋತಾರೆ," ಎಂದಳು ಐವಿ, ನನಗೆ ಚಹಾ ಬಗ್ಗಿಸುತ್ತಾ. "ಅವನ ಕಿವಿಗೇನಾಗಿದೆ? ಬಿಸ್ಕತ್ತಿದೆ ಅಂತ ಪಿಸುಗುಟ್ಟಿದ್ರೂ ಓಡಿ ಬರ್ತಾನೆ. ಯಾಕಮ್ಮ, ನೀನು ಏನೂ ತಿಂತಾನೇ ಇಲ್ಲ?"

ಚಹಾದ ಕಪ್ಪನ್ನು ಹಾಗೇ ಗಾಡಿಯ ಮೇಲಿಟ್ಟೆ.

ಶುಕ್ರವಾರ ನಾಲ್ಕು ಗಂಟೆಗೆ ಎಲ್ಲರೂ ಚಹಾಕ್ಕೆ ನಿಂತಿದ್ದಾಗ ವಿಲ್ಫ್ ಗೋದಾಮಿನಿಂದ ಮಡಚುವ ಕುರ್ಚಿಗಳನ್ನು ಹೊತ್ತು ಬಂದ. ನನ್ನ ಕಡೆ ನೋಡಿ ಎಂದಿನಂತೆ ನಕ್ಕ. ಆ ನಗು ತಡೆಯಲಾಗಲಿಲ್ಲ. ನೆಟ್ಟಗೆ ಹಾರ್ಗ್ರೀವ್ ಮುಂದೆ ಹೋಗಿ ನಿಂತೆ.

"ಸಾರ್, ಗ್ಲಾಸು ತುಂಬಿಸು ಅಂದಿದ್ದು ನಾನು."

"ನಿಮ್ಮ ಪುಸ್ತಕದಲ್ಲಿ ಅರ್ಧ ಅಂತಿದೆಯಲ್ಲ."

"ಅದನ್ನ ಆಮೇಲೆ ಬರೆದೆ."

ಐವಿಯ ಚಮಚ ಸದ್ದು ನಿಲ್ಲಿಸಿತು. ಹಾರ್ಗ್ರೀವ್ ಕಪ್ಪು ಕೆಳಗಿಟ್ಟರು. "ಕಣ್ಣೆದುರಿಗಿದ್ದ ಗ್ಲಾಸು ಕಾಣಲಿಲ್ಲವಾ? ಎಲ್ಲಿ ನೋಡ್ತಾ ಇದ್ರಿ?"

ತಲೆನೋವಿತ್ತು ಎನ್ನಬಹುದಿತ್ತು. ವಿಲ್ಫ್ ಕುರ್ಚಿಗಳ ಹಿಂದಿನಿಂದ ಬೇಡ ಬೇಡ ಎಂದು ತಲೆಯಾಡಿಸುತ್ತಿದ್ದ.

"ವಿಲ್ಫ್‌ನ ನೋಡ್ತಾ ಇದ್ದೆ ಸಾರ್," ಎಂದೆ. "ಅವನು ಬಂದಾಗಿನಿಂದ ಅವನನ್ನೇ ನೋಡ್ತಾ ಇದ್ದೀನಿ."

ಮೇಲೆ ದೀಪದವರಲ್ಲೊಬ್ಬ ಶಿಳ್ಳೆ ಹೊಡೆದ. ಭೂಮಿ ಬಾಯಿ ಬಿಡಬಾರದೇ ಅಂದುಕೊಂಡೆ. ಕೆಳಗಿದ್ದದ್ದು ಪ್ಲೈವುಡ್ಡು, ಅದೂ ಬಿಡಲಿಲ್ಲ.

"ಸೋಮವಾರ ವಿಲ್ಫ್ ಹಡಗು ಹತ್ತಲಿ," ಎಂದರು ಹಾರ್ಗ್ರೀವ್. "ನೀವು ಪುಸ್ತಕ ಇಲ್ಲಿಟ್ಟು ಹೊರಡಿ." ಇಟ್ಟು ಹೊರಟೆ.

ಬಸ್ ಸ್ಟಾಪಿನವರೆಗೂ ವಿಲ್ಫ್ ಓಡಿ ಬಂದ, ಕೋಟೂ ಇಲ್ಲದೆ. "ಯಾಕೆ ಹೇಳಿದೆ? ನಾನು ನುಂಗಿಕೊಂಡಿದ್ದೆನಲ್ಲ."

"ನನ್ನ ಮುಖ ನೋಡಬೇಡ ವಿಲ್ಫ್. ನನಗೇ ಅಸಹ್ಯ ಆಗ್ತಿದೆ."

"ಅರ್ಧ ಇದ್ದದ್ದು ನಾನೂ ನೋಡಿದ್ದೆ."

"ಮತ್ತೆ ಯಾಕೆ ತುಂಬಿಸಿದೆ?"

"ಖಂಡಿತಾನಾ ಅಂದಾಗಲೇ ನೀನು ಕೆಂಪಗಾದೆ. ಇನ್ನೊಂದು ಸಲ ಕೇಳಿದ್ರೆ ನೀನು ಗ್ಲಾಸು ನೋಡಿರಲಿಲ್ಲ ಅಂತ ಎಲ್ಲರಿಗೂ ಗೊತ್ತಾಗ್ತಿತ್ತು." ಕೈ ಉಜ್ಜಿಕೊಂಡ. "ಭಾನುವಾರ ನಮ್ಮನೆಗೆ ಚಹಾಕ್ಕೆ ಬಾ. ಅಮ್ಮ ಇರ್ತಾಳೆ."

ನಮ್ಮ ಕಡೆ ಹುಡುಗಿಯನ್ನು ಅಮ್ಮನೆದುರು ಭಾನುವಾರದ ಚಹಾಕ್ಕೆ ಕರೆದರೆ ಮಿಕ್ಕ ಮಾತೆಲ್ಲ ಆಡಿದಂತೆಯೇ. ನನಗೆ ಅಳು ಬಂತು.

"ಸುಳ್ಳು ಬರೆದು ಕೆಲಸ ಕಳ್ಕೊಂಡವಳು ಅಂತ ನಿಮ್ಮಮ್ಮನಿಗೆ ಹೇಗೆ ಹೇಳ್ತೀಯ?"

"ನಾನ್ಯಾಕೆ ಹೇಳಲಿ? ನೀನೇ ಹೇಳು. ಇವತ್ತು ಚೆನ್ನಾಗಿ ಅಭ್ಯಾಸ ಆಯ್ತಲ್ಲ."

ಭಾನುವಾರ ಹೇಳಿದೆ, ಒಂದನ್ನೂ ಬಿಡದೆ. ಅವರಮ್ಮ ಎಲ್ಲ ಕೇಳಿಸಿಕೊಂಡು ಕೇಕಿನ ದೊಡ್ಡ ತುಂಡನ್ನು ನನ್ನ ತಟ್ಟೆಗೆ ಹಾಕಿದರು. ತಲೆ ಎತ್ತಲಾಗದೆ ಅಷ್ಟನ್ನೂ ತಿಂದೆ.