ಹದಿನೇಳನೆಯ ಅರ್ಜಿ

೧೯೮೩ರ ಮಾರ್ಚ್ ೧೨, ಶನಿವಾರ ಸಂಜೆ ನಾಲ್ಕೂವರೆ. ಕ್ಯಾತಮ್ಮ ಮೂರು ಕುರಿಗಳನ್ನು ಹಿಡಿದುಕೊಂಡು ಕಳ್ಳಂಬೆಳ್ಳ ಠಾಣೆಗೆ ಬಂದಳು. ಸಂತೆಯಲ್ಲಿ ಪೆಟ್ಟು ತಿಂದ ಅವಳ ಗಂಡ ಯತ್ತಪ್ಪ ಶಿರಾ ಆಸ್ಪತ್ರೆಯ ದಾರಿಯಲ್ಲೇ ಸತ್ತಿದ್ದ.

"ಕುರಿಕಳ್ಳ ಅಂತ ಬಡಿದು ಹಾಕ್ಬುಟ್ರು ಸ್ವಾಮಿ. ಇವು ನಮ್ಮ ಕುರೀನೇ."

"ಹೊಡೆದೋರು ಯಾರು?" ಎಂದರು ಠಾಣೆಯ ಸಬ್‌ಇನ್‌ಸ್ಪೆಕ್ಟರ್.

"ಸಂತೆಗೆ ಸಂತೇನೇ."

ಎಫ್‌ಐಆರ್‌ನಲ್ಲಿ 'ಅಪರಿಚಿತರ ಗುಂಪು' ಎಂದಷ್ಟೇ ದಾಖಲಾಯಿತು. ಪಂಚನಾಮೆಯಲ್ಲಿ ಕುರಿಗಳ ಎರಡೂ ಕಿವಿಗಳಲ್ಲಿ ಚಾಕುವಿನಿಂದ ಕೊಯ್ದ ಕಚ್ಚು ಗುರುತುಗಳನ್ನು ಬರೆಸಿದರು. ಅದು ಮುಗಿದ ಮೇಲೆ ಕಾನ್‌ಸ್ಟೇಬಲ್ ಸಣ್ಣರಂಗಯ್ಯ ಯಾರೂ ಹೇಳದೆಯೇ ಕುರಿಗಳನ್ನು ನೆರಳಿಗೆ ಕಟ್ಟಿ ನೀರಿಟ್ಟ. ಕ್ಯಾತಮ್ಮನಿಗೆ ತನ್ನ ಬುತ್ತಿಯ ಮುದ್ದೆ ಕೊಟ್ಟ. ಅವಳು ತಿನ್ನಲಿಲ್ಲ, ಕೈಯಲ್ಲಿ ಹಿಡಿದೇ ಕುಳಿತಳು.

ನಾಲ್ಕು ದಿನಗಳಲ್ಲಿ ಸರ್ಕಲ್ ಇನ್‌ಸ್ಪೆಕ್ಟರ್ ಚಂದ್ರಶೇಖರಯ್ಯ ಹದಿನಾರು ಹೆಸರುಗಳನ್ನು ಪತ್ತೆಹಚ್ಚಿದರು. ಬಂಧಿಸುವ ಮೊದಲೇ ತುಮಕೂರಿನ ಸೆಷನ್ಸ್ ನ್ಯಾಯಾಲಯದಲ್ಲಿ ನಿರೀಕ್ಷಣಾ ಜಾಮೀನು ಕೋರಿ ಅರ್ಜಿಗಳು ಬಿದ್ದವು. ಎಲ್ಲದರಲ್ಲೂ ಒಂದೇ ವಾಕ್ಯ: 'ನಾನು ದೂರದಿಂದ ನೋಡುತ್ತಿದ್ದೆ.'

"ಎಲ್ಲರೂ ದೂರದಿಂದ ನೋಡಿದರೆ ಹೊಡೆದೋರು ಯಾರಯ್ಯಾ?"

"ಕುರಿಗಳೇ ಇರ್ಬೇಕು ಸಾರ್," ಎಂದ ಸಣ್ಣರಂಗಯ್ಯ.

ಚಂದ್ರಶೇಖರಯ್ಯ ಎಣಿಸಿ ನೋಡಿದರು. ಹೆಸರು ಹದಿನಾರು, ಅರ್ಜಿಗಳು ಹದಿನೇಳಿದ್ದವು. ಬುಕ್ಕಾಪಟ್ಟಣದ ಹತ್ತಿರದ ಕುರಿಗಾಹಿಗಳ ಹಟ್ಟಿಯ ನರಸಪ್ಪ ಎಂಬವನನ್ನು ಯಾವ ಸಾಕ್ಷಿಯೂ ಹೆಸರಿಸಿರಲಿಲ್ಲ. ಯಾರೂ ಹುಡುಕದವನಿಗೆ ಜಾಮೀನು ಯಾಕೆ?

ಸಂತೆಯಲ್ಲಿ ಬಿದ್ದಿದ್ದ ಯತ್ತಪ್ಪನ ಬಾಯಿಗೆ ನೀರು ಬಿಟ್ಟಿದ್ದವಳು ಕಡಲೇಕಾಯಿ ಮಾರುವ ಪುಟ್ಟಕ್ಕ ಒಬ್ಬಳೇ. ಇನ್‌ಸ್ಪೆಕ್ಟರ್ ಅವಳನ್ನು ಮತ್ತೆ ಕರೆಸಿದರು.

"ಮೊದಲು ಕೂಗಿದ್ದು ಯಾರಮ್ಮ?"

"ಯಾವನೋ ಹೊರಗ್ಲೋನು ಸ್ವಾಮಿ. ಕುರಿ ಬಲಗಿವಿ ಹಿಡ್ಕಂಡು, 'ಇದು ನಮ್ಮನೆ ಗುರುತು, ಕಳ್ಳ ಕಣ್ರಲಾ' ಅಂದ. ಆಮೇಲೆ ಅವ್ನು ಹಿಂದಕ್ಕೆ ಸರ್ಕಂಡ, ಇವ್ರು ಮುಂದಕ್ಕೆ ಬಂದ್ರು."

ಕಿವಿಯ ಕಚ್ಚು ನೋಡಿ ಮನೆ ಹೇಳುವುದು ಸಂತೆಯ ರೈತರಿಗೆ ಬಾರದ ವಿದ್ಯೆ. ಅರ್ಜಿ ಹಾಕಿದವರಲ್ಲಿ ಕುರಿಹಟ್ಟಿಯವನು ನರಸಪ್ಪ ಒಬ್ಬನೇ. ಚಂದ್ರಶೇಖರಯ್ಯ ಕ್ಯಾತಮ್ಮನ ಮನೆಗೆ ಹೋದರು.

"ನರಸಪ್ಪ ನಿನಗೇನಾಗಬೇಕು?"

"ಹೇಳಿದ್ರೆ ನನ್ನ ತವರು ಮುಗೀತದೆ ಸ್ವಾಮಿ."

"ಹೇಳದಿದ್ದರೆ ಅವನು ಮನೆಗೆ ಹೋಗುತ್ತಾನೆ."

"ಅಣ್ಣ." ಸೆರಗಿನಿಂದ ಬಾಯಿ ಒರೆಸಿಕೊಂಡಳು. "ಬಲಗಿವಿ ಕಚ್ಚು ನಮ್ಮಪ್ಪನ ಮನೇದು. ಮಗಳಿಗೆ ಕೊಟ್ಟ ಕುರಿಗೆ ಎಡಗಿವೀಲಿ ಇನ್ನೊಂದು ಕಚ್ಚು ಹಾಕ್ತಾರೆ. ನಮ್ಮ ಹಟ್ಟೀಲಿ ಅದನ್ನ ಅಣ್ಣನೇ ಹಾಕ್ಬೇಕು. ಈ ಮೂರಕ್ಕೂ ಅವನೇ ಹಾಕಿದ್ದು."

ಮಾರ್ಚ್ ೨೧, ಸೋಮವಾರ. ಪಬ್ಲಿಕ್ ಪ್ರಾಸಿಕ್ಯೂಟರ್ ಪಂಚನಾಮೆಯನ್ನೂ ಇಬ್ಬರು ಹೆಂಗಸರ ಹೇಳಿಕೆಗಳನ್ನೂ ಮುಂದಿಟ್ಟು ಹದಿನೇಳು ಅರ್ಜಿಗಳನ್ನೂ ವಿರೋಧಿಸಿದರು. ನ್ಯಾಯಾಧೀಶರು ಮತ್ತೆ ಮತ್ತೆ ಒಂದನ್ನೇ ಕೇಳಿದರು: ಯಾರ ಏಟು ಯಾವುದು? ಅದನ್ನು ಹೇಳಬಲ್ಲವರು ಇರಲಿಲ್ಲ. ಹದಿನಾರು ಜನರಿಗೆ ಜಾಮೀನು ಸಿಕ್ಕಿತು. ಕುರಿ ಯಾರದೆಂದು ತಿಳಿದೂ ಕಳ್ಳನೆಂದು ಕೂಗಿದ ಆರೋಪವಿದ್ದ ಹದಿನೇಳನೆಯ ಅರ್ಜಿ ಮಾತ್ರ ವಜಾ ಆಯಿತು.

ಸಂಜೆ ನಾಲ್ಕು ಹತ್ತಕ್ಕೆ ನ್ಯಾಯಾಲಯದ ಜಗಲಿಯಲ್ಲೇ ನರಸಪ್ಪನ ಬಂಧನವಾಯಿತು. ಎದುರಿನ ಹೋಟೆಲಿನಲ್ಲಿ ಹದಿನಾರು ಜನ ಕಾಫಿ ಕುಡಿಯುತ್ತಿದ್ದರು. ಒಬ್ಬನೂ ಎದ್ದು ಬರಲಿಲ್ಲ.

ಜೀಪಿನಲ್ಲಿ ನರಸಪ್ಪ ತಾನಾಗಿಯೇ ಮಾತಾಡಿದ.

"ಸಾಯ್ಲಿ ಅಂತ ಕೂಗ್ಲಿಲ್ಲ ಸ್ವಾಮಿ. ನಮ್ಮವ್ವ ಒಳ್ಳೊಳ್ಳೆ ಕುರೀನೆಲ್ಲ ತಂಗಿಗೇ ಆರಿಸ್ಕೊಟ್ಳು. ನನ್ನ ಕೈಗೇ ಚಾಕು ಕೊಟ್ಟು ಕಚ್ಚು ಹಾಕ್ಲಾ ಅಂದ್ಳು. ತಂಗಿ ಗಂಡ ಸಂತೇಲಿ ನಾಕು ಜನದ ಮುಂದೆ ತಲೆ ತಗ್ಗಿಸ್ಲಿ ಅಂದ್ಕಂಡೆ, ಅಷ್ಟೇ."

"ಹೊಡೆಯೋಕೆ ಶುರು ಮಾಡಿದರಲ್ಲ, ಆಗ ಸುಳ್ಳು ಅಂತ ಯಾಕೆ ಹೇಳಲಿಲ್ಲ?"

ನರಸಪ್ಪ ಹೊರಗೆ ನೋಡಿದ.

"ಹೇಳಿದ್ರೆ ನನ್ನೇ ಬಡೀತಿದ್ರು."

ಪೊಲೀಸರ ಮುಂದೆ ಹೇಳಿದ ಮಾತು ನ್ಯಾಯಾಲಯದಲ್ಲಿ ನಿಲ್ಲುವುದಿಲ್ಲ. ಆದರೂ ಚಂದ್ರಶೇಖರಯ್ಯ ಅದನ್ನೂ ಬರೆದುಕೊಂಡರು.