ಕಾಂಚಲೆ ಕಾಪಾಡಿಕೊಂಡ ಮದುವೆ

ಬಹಳ ಬಹಳ ಹಿಂದೆ, ಏಳು ಬೆಟ್ಟಗಳ ನಡುವೆ ನೀಲವತಿ ಎಂಬ ರಾಜ್ಯವಿತ್ತು. ಆ ರಾಜ್ಯದಲ್ಲಿ ಮದುವೆಗಳು ಬಲು ಜೋರಾಗಿ ನಡೆಯುತ್ತಿದ್ದವು. ಊರಗಲ ಚಪ್ಪರ, ಆನೆ, ಕುದುರೆ, ನೂರು ಡೋಲು. ಆದರೆ ತಮ್ಮ ಮದುವೆ ತಮಗೆ ನೆನಪಿರುವವರು ಮಾತ್ರ ಆ ರಾಜ್ಯದಲ್ಲಿ ಒಬ್ಬರೂ ಇರಲಿಲ್ಲ.

ಅದಕ್ಕೆ ಕಾರಣ ಧೂಮಜಿಹ್ವನೆಂಬ ಮಾಂತ್ರಿಕ. ಅವನು ಪ್ರತಿ ಮದುವೆಗೂ ಬಂದು ಚಪ್ಪರದ ನಟ್ಟನಡುವೆ ಕೂರುತ್ತಿದ್ದ. ತಾಳಿ ಕಟ್ಟಿದ ಕೂಡಲೇ ಹೊಗೆಯ ನಾಲಿಗೆ ಚಾಚಿ, ಗಂಡು ಹೆಣ್ಣಿನ ಮನಸ್ಸಿನಿಂದ ಆ ದಿನವನ್ನೇ ಎಳೆದು ತನ್ನ ತೊಗಲಿನ ಚೀಲಕ್ಕೆ ತುಂಬಿಕೊಳ್ಳುತ್ತಿದ್ದ. ಆ ನೆನಪುಗಳನ್ನು ಉಂಡುಂಡೇ ಅವನು ಮುನ್ನೂರು ವರ್ಷ ಬದುಕಿದ್ದ. ಅಡ್ಡ ಬಂದವರನ್ನು ಮೃಗಗಳನ್ನಾಗಿ ಮಾಡಿ ತನ್ನ ಚಾಕರಿಗೆ ಇಟ್ಟುಕೊಳ್ಳುತ್ತಿದ್ದ. ರಾಜ ವೀರಕಂಪನೂ ಅವನಿಗೆ ಹೆದರಿ ಸುಮ್ಮನಿದ್ದ.

ರಾಜನಿಗೆ ಒಬ್ಬಳೇ ಮಗಳು, ಕಾಂಚಲೆ. ಅರಮನೆಗೆ ಸೀರೆ ನೇಯುವ ಕೇತಯ್ಯನ ಮೇಲೆ ಅವಳಿಗೆ ಮನಸ್ಸಾಗಿತ್ತು. ಅವನಿಗೂ ಅಷ್ಟೇ. ರಾಜ ಬೇಡವೆನ್ನಲಿಲ್ಲ. "ಹುಡುಗ ಒಳ್ಳೆಯವನು. ಬರುವ ಹುಣ್ಣಿಮೆಗೆ ಮದುವೆ. ನಾಡಿಗೆ ನಾಡೇ ಬರಲಿ" ಎಂದ.

ಅಂದು ಕಾಂಚಲೆ ತಾಯಿಯ ಬಳಿ ಹೋಗಿ ಕೂತಳು. "ಅವ್ವಾ, ನಿನ್ನ ಮದುವೆ ಹೇಗಿತ್ತು?" ಎಂದು ಕೇಳಿದಳು.

ರಾಣಿ ಗಿರಿಜವ್ವೆ ಮಗಳ ತಲೆ ನೇವರಿಸಿದಳು. "ಹನ್ನೆರಡು ಸಾವಿರ ಎಲೆ ಹಾಕಿದ್ದರಂತೆ ಮಗಳೇ. ಉಂಡವರು ಈಗಲೂ ಹೇಳುತ್ತಾರೆ. ನನಗೆ ನಿನ್ನಪ್ಪ ಅಂದು ಏನು ಉಟ್ಟಿದ್ದರು ಎಂಬುದೂ ಗೊತ್ತಿಲ್ಲ."

"ನನ್ನ ದಿನವನ್ನು ನಾನು ಅವನ ಚೀಲಕ್ಕೆ ಕೊಡಲಾರೆ ಅವ್ವಾ."

ರಾಣಿ ಬಾಗಿಲು ಮುಂದೆ ಮಾಡಿ ಬಂದಳು. "ಹಾಗಾದರೆ ಕೇಳು. ಗದ್ದಲದ ಮದುವೆ ಮನಸ್ಸಿಗೆ ಅಂಟಿರುವುದಿಲ್ಲ. ಅದಕ್ಕೇ ಅವನಿಗೆ ಎಳೆದುಕೊಳ್ಳುವುದು ಸುಲಭ. ಇಬ್ಬರೇ ಹೋಗಿ, ಎಲ್ಲವನ್ನೂ ತಮ್ಮ ಕೈಯಾರೆ ಮಾಡಿಕೊಂಡು, ಹೊತ್ತು ಮುಳುಗುವವರೆಗೆ ಇಬ್ಬರೂ ಆ ದಿನವನ್ನು ಮರೆಯದೆ ಉಳಿದರೆ ಅವನ ಚೀಲ ಒಡೆಯುತ್ತದೆ. ನನ್ನಜ್ಜಿ ಹೇಳಿದ್ದಳು. ಮಾಡುವ ಧೈರ್ಯ ನನಗೆ ಬರಲಿಲ್ಲ." ಹೀಗೆಂದು ಮಗಳ ಸೆರಗಿಗೆ ಒಂದು ಅರಿಶಿನದ ಕೊಂಬು ಕಟ್ಟಿದಳು.

ಮರುದಿನ ಕೋಳಿ ಕೂಗುವ ಹೊತ್ತಿಗೆ ಕಾಂಚಲೆ ನೇಕಾರರ ಕೇರಿಯ ದಿಡ್ಡಿ ಬಾಗಿಲಿನಿಂದ ಹೊರಬಿದ್ದಳು. ಅವಳು ಹೇಳಿ ಕಳಿಸಿದ್ದಂತೆ ಕೇತಯ್ಯ ಅಲ್ಲಿಯೇ ಕಾಯುತ್ತಿದ್ದ. ಅವನ ಕೈಯಲ್ಲಿ ತಾನೇ ನೇಯ್ದ ಕೆಂಪಂಚಿನ ಸೀರೆಯಿತ್ತು.

"ಹೆದರಿಕೆಯೇ?" ಎಂದ.

"ಹೌದು. ನಿನಗೆ?"

"ಬಹಳ" ಎಂದ ಕೇತಯ್ಯ. ಇಬ್ಬರೂ ನಕ್ಕು ನವಿಲುಬೆಟ್ಟ ಹತ್ತಿದರು.

ಬೆಟ್ಟದ ನೆತ್ತಿಯಲ್ಲಿ ಒಂದು ತಿಳಿನೀರಿನ ಒರತೆ. ಕಾಂಚಲೆ ಅಲ್ಲಿ ಮಿಂದು ಆ ಸೀರೆ ಉಟ್ಟಳು. ಇಬ್ಬರೂ ಸುತ್ತಲಿನ ಪೊದೆಗಳಿಂದ ಹೂ ಕೊಯ್ದು ಎರಡು ಹಾರ ಕಟ್ಟಿ ಒಬ್ಬರಿಗೊಬ್ಬರು ಹಾಕಿದರು. ಹಾಕಿದ್ದೇ ತಡ, ಬಂಡೆಯ ಹಿಂದಿನಿಂದ ಒಂದು ಹುಲಿ ಬಂತು. ಅದರ ಮೈ ಮೇಲಿನ ಪಟ್ಟೆಗಳು ಹೊಗೆಯವು. ಅದು ಉಸಿರು ಬಿಟ್ಟಿತು. ಹಾರಗಳು ಮಾಯವಾದವು.

"ಹಾರದಲ್ಲಿ ಏನಿತ್ತು, ಹೇಳಿ" ಎಂದಿತು ಹುಲಿ. "ತಪ್ಪಿದರೆ ಈ ದಿನ ನನ್ನ ಒಡೆಯನದು."

ಕಾಂಚಲೆ ಕಣ್ಣು ಮುಚ್ಚಿದಳು. "ತಂಗಡಿ ಹೂ ಇಪ್ಪತ್ತೊಂದು. ನಡುನಡುವೆ ತುಂಬೆ. ನನ್ನ ಹಾರದ ದಾರ ಒಂದು ಕಡೆ ಹರಿಯಿತು. ಕೇತಯ್ಯ ನೇಕಾರರ ಗಂಟು ಹಾಕಿ ಕೂಡಿಸಿದ. ಆ ಗಂಟು ಕುತ್ತಿಗೆಗೆ ಒತ್ತುತ್ತಿತ್ತು. ನಾನು ಹೇಳಲಿಲ್ಲ."

ಹುಲಿಯ ಚರ್ಮ ಕಂಬಳಿಯಂತೆ ಜಾರಿ ಬಿತ್ತು. ಒಳಗಿನಿಂದ ನರೆತ ಮೀಸೆಯ ಮನುಷ್ಯನೊಬ್ಬ ಎದ್ದು ನಿಂತ. "ನಾನು ಓಲಗದ ಮಾಳಪ್ಪ. ಆ ಕಳ್ಳನ ಮುಂದೆ ಊದುವುದಿಲ್ಲ ಎಂದಿದ್ದೆ. ಇಪ್ಪತ್ತು ವರ್ಷ ಹುಲಿಯಾಗಿದ್ದೆ ತಾಯಿ" ಎಂದು ಕೈ ಮುಗಿದ.

ಆಮೇಲೆ ಕೇತಯ್ಯ ಹೊಸ ನೂಲು ಹೊಸೆದು, ಅರಿಶಿನದ ಕೊಂಬನ್ನು ಅದಕ್ಕೆ ಬಿಗಿದು, ಕಾಂಚಲೆಯ ಕೊರಳಿಗೆ ಮೂರು ಗಂಟು ಹಾಕಿದ. ಹಾಕಿದ್ದೇ ತಡ, ಕಲ್ಲಿನ ರೆಕ್ಕೆಯ ಹದ್ದೊಂದು ಮೇಲಿನಿಂದ ಇಳಿಯಿತು. ಅದರ ರೆಕ್ಕೆಯ ಸದ್ದಿಗೆ ಒರತೆಯ ನೀರು ನಡುಗಿತು.

"ಗಂಟು ಹಾಕುವಾಗ ಆಡಿದ ಮಾತೇನು, ಹೇಳಿ" ಎಂದಿತು ಹದ್ದು. "ತಪ್ಪಿದರೆ ಈ ದಿನ ನನ್ನ ಒಡೆಯನದು."

ಈ ಸಲ ಕೇತಯ್ಯ ಹೇಳಿದ. "ಮೊದಲ ಗಂಟಿಗೆ ನನಗೆ ಮಾತೇ ಹೊರಡಲಿಲ್ಲ. ಎರಡನೆಯ ಗಂಟಿಗೆ ಇವಳು, 'ಸಿಟ್ಟು ಬಂದ ದಿನವೂ ಮಾತು ಬಿಡುವುದಿಲ್ಲ' ಎಂದಳು. ಮೂರನೆಯದಕ್ಕೆ ನಾನು, 'ನಿನ್ನ ಸಿಟ್ಟೂ ನನಗಿರಲಿ' ಎಂದೆ."

ಕಲ್ಲಿನ ರೆಕ್ಕೆಗಳು ಪುಡಿಯಾಗಿ ಉದುರಿದವು. ಅಲ್ಲಿ ಸೋಬಾನೆ ಹಾಡುವ ಮುದುಕಿ ಸಂಗವ್ವ ನಿಂತಿದ್ದಳು. ಮದುಮಗಳೊಬ್ಬಳ ನೆನಪು ಕದಿಯಬೇಡ ಎಂದು ಅವಳು ಮಾಂತ್ರಿಕನ ಕೈ ಹಿಡಿದು ತಡೆದಿದ್ದಳಂತೆ. ಅವಳು ಕಾಂಚಲೆಯ ಕೆನ್ನೆ ನೇವರಿಸಿ, "ಇಷ್ಟು ಚಿಕ್ಕ ಮದುವೆ ನಾನು ನೋಡೇ ಇಲ್ಲ ಕಣೇ. ಇಷ್ಟು ಚೆಲುವಾದದ್ದೂ ನೋಡಿಲ್ಲ" ಎಂದಳು.

ಹೊತ್ತು ಪಡುವಣಕ್ಕೆ ವಾಲಿತು. ಆಗ ಧೂಮಜಿಹ್ವ ತಾನೇ ಬಂದ, ಏಳು ಹೆಡೆಯ ಹಾವಾಗಿ, ಕೊರಳಿಗೆ ಚೀಲ ತೂಗುಹಾಕಿಕೊಂಡು. ಮಾತಿಲ್ಲ, ಪ್ರಶ್ನೆಯಿಲ್ಲ. ನೇರವಾಗಿ ಹೊಗೆಯ ನಾಲಿಗೆಯಿಂದ ಕೇತಯ್ಯನ ಹಣೆ ಮುಟ್ಟಿದ.

ಕೇತಯ್ಯ ಕಾಂಚಲೆಯತ್ತ ತಿರುಗಿ, "ತಾವು ಯಾರು? ನಾನು ಇಲ್ಲಿಗೇಕೆ ಬಂದೆ?" ಎಂದು ಕೇಳಿದ.

ಹಾವು ನಕ್ಕಿತು. "ನಿನಗೊಬ್ಬಳಿಗೇ ನೆನಪಿದ್ದರೆ ಸಾಲದು ರಾಜಕುಮಾರಿ."

ಕಾಂಚಲೆ ಕೇತಯ್ಯನ ಕೈ ಹಿಡಿದು ಪಕ್ಕದಲ್ಲಿ ಕೂತು, ದಿಡ್ಡಿ ಬಾಗಿಲಿನಿಂದ ಹಿಡಿದು ಎಲ್ಲವನ್ನೂ ಹೇಳಿದಳು. ಅವನು ಯಾರದೋ ಕತೆಯೆಂಬಂತೆ ಕೇಳಿದ. ಸೂರ್ಯ ಬೆಟ್ಟದ ಅಂಚು ಮುಟ್ಟಿದ. ಅವಳಿಗೆ ಹೇಳಲು ಮಾತು ಮುಗಿಯಿತು. ಆಗ ಅವಳು ಅವನ ಬೆರಳುಗಳನ್ನು ಎತ್ತಿ ತನ್ನ ಕತ್ತಿನ ಹಿಂದಿನ ಗಂಟುಗಳ ಮೇಲೆ ಇಟ್ಟಳು. "ಇದು ಯಾರ ಕೈ ಕೆಲಸ, ನೀನೇ ನೋಡು" ಎಂದಳು.

ಕೇತಯ್ಯನ ಬೆರಳುಗಳು ಒಂದು ಗಂಟಿನಿಂದ ಇನ್ನೊಂದಕ್ಕೆ ಮೆಲ್ಲಗೆ ಹರಿದವು. ಮೂರನೆಯದರ ಮೇಲೆ ನಿಂತವು.

"ಈ ಗಂಟು ಹಾಕುವಾಗ ನಿನ್ನ ಕಿವಿಯ ಹಿಂದೆ ಅರಿಶಿನ ಹತ್ತಿತು" ಎಂದ ಅವನು ನಿಧಾನವಾಗಿ. "ಒರೆಸಬೇಕೆಂದುಕೊಂಡೆ. ಚೆನ್ನಾಗಿ ಕಾಣುತ್ತಿತ್ತು, ಬಿಟ್ಟೆ."

ಇದನ್ನು ಕಾಂಚಲೆ ಹೇಳಿರಲಿಲ್ಲ. ಅವಳಿಗೇ ಗೊತ್ತಿರಲಿಲ್ಲ. ಕಿವಿಯ ಹಿಂದೆ ಮುಟ್ಟಿ ನೋಡಿಕೊಂಡಳು. ಬೆರಳು ಹಳದಿಯಾಯಿತು.

ಅಷ್ಟರಲ್ಲಿ ಸೂರ್ಯ ಮುಳುಗಿದ. ಹಾವಿನ ಕೊರಳಿನ ಚೀಲ ಸಿಡಿಲು ಬಡಿದಂತೆ ಒಡೆಯಿತು. ಅದರೊಳಗಿಂದ ಸಾವಿರ ಸಾವಿರ ಬೆಳಕಿನ ಹಕ್ಕಿಗಳು ಹಾರಿ ಊರಿನ ಕಡೆಗೆ ಹೋದವು. ಮುನ್ನೂರು ವರ್ಷದ ಮುಪ್ಪು ಧೂಮಜಿಹ್ವನ ಮೇಲೆ ಒಮ್ಮೆಗೇ ಬಂದು ಬಿತ್ತು. ಅವನು ಒಂದು ಹಿಡಿ ಹೊಗೆಯಾದ. ಗಾಳಿ ಆ ಹೊಗೆಯನ್ನೂ ಉಳಿಸಲಿಲ್ಲ. ಅವನು ಮೃಗಗಳನ್ನಾಗಿ ಮಾಡಿದ್ದ ಉಳಿದವರೆಲ್ಲ ಮನುಷ್ಯರಾಗಿ ಮನೆಯ ದಾರಿ ಹಿಡಿದರು.

ಅರಮನೆಯಲ್ಲಿ ರಾಣಿ ಇದ್ದಕ್ಕಿದ್ದಂತೆ ನಗತೊಡಗಿದಳು. "ಹಸಿರು ರುಮಾಲು ಸುತ್ತಿದ್ದಿರಿ. ನಾನು ಹಾಕಿದ ಜೀರಿಗೆ ಬೆಲ್ಲ ನಿಮ್ಮ ಮೀಸೆಗೆ ಅಂಟಿತ್ತು" ಎಂದಳು. ರಾಜ ನಾಚಿ ಮೀಸೆ ಮುಟ್ಟಿಕೊಂಡ. ಬೀದಿ ಬೀದಿಯಲ್ಲಿ ಮುದುಕ ಮುದುಕಿಯರು ಜಗಲಿಗೆ ಬಂದು, ತಮ್ಮ ಮದುವೆಯನ್ನು ಒಬ್ಬರಿಗೊಬ್ಬರು ಹೇಳಿಕೊಳ್ಳುತ್ತ ಅತ್ತರು, ನಕ್ಕರು, ಜಗಳವಾಡಿದರು.

ದೀಪ ಹಚ್ಚುವ ಹೊತ್ತಿಗೆ ಮಾಳಪ್ಪನ ಓಲಗ ಮುಂದೆ, ಸಂಗವ್ವನ ಸೋಬಾನೆ ಹಿಂದೆ, ನಡುವೆ ಗಂಡ ಹೆಂಡತಿ ಊರೊಳಗೆ ಬಂದರು. ರಾಜ ಮಗಳನ್ನೂ ಅಳಿಯನನ್ನೂ ಅಪ್ಪಿಕೊಂಡ. "ಇನ್ನು ಯಾರ ಹೆದರಿಕೆಯೂ ಇಲ್ಲ ಮಗಳೇ. ನಾಡನ್ನೆಲ್ಲ ಕರೆದು ಇನ್ನೊಮ್ಮೆ ಜೋರಾಗಿ ಮದುವೆ ಮಾಡೋಣ" ಎಂದ.

"ಮದುವೆ ಆಯಿತು ಅಪ್ಪಾಜಿ, ಚೆನ್ನಾಗಿಯೇ ಆಯಿತು" ಎಂದಳು ಕಾಂಚಲೆ. "ಬೆಳಗಿನಿಂದ ಏನೂ ತಿಂದಿಲ್ಲ. ಊಟ ಹಾಕಿಸಿ."

ರಾಜ ಹಾಕಿಸಿದ. ಮೂರು ದಿನ ಒಲೆ ಆರಲಿಲ್ಲ, ಊರಿಗೆ ಊರೇ ಉಂಡಿತು. ಕಾಂಚಲೆ ಕೇತಯ್ಯರು ನೂರು ಕಾಲ ಸುಖವಾಗಿ ಬಾಳಿದರು. ಅವರ ಕಾಲದಲ್ಲಿ ನೀಲವತಿಯಲ್ಲಿ ಸುಖವಾಗಿರದೆ ಉಳಿದವರು ಯಾರೂ ಇರಲಿಲ್ಲ.