ಸುಗಲಮ್ಮನ ಮೂರಡಿ ಹಾದಿ

"ಆ ಕಲ್ಲಿಗೆ ಕೈ ಹಚ್ಚಬ್ಯಾಡ್ರಿ ಮೇಡಂ. ಹಾದಿ ಹೋದ್ರ ಹೋಗ್ಲಿ. ನನ್ನ ಗಂಡನ್ನ ನುಂಗೈತಿ ಅದು."

ಹೇಳಿದವಳು ಸುಗಲಮ್ಮ. ದಾವೆ ಹೂಡಿದವಳೂ ಅವಳೇ! ಸರ್ವೇಯರ್ ವಿಜಯಶ್ರೀಗೆ ನಗು ತಡೆಯಲಾಗಲಿಲ್ಲ. ಕಲಬುರಗಿಯಿಂದ ಹೈದರಾಬಾದಿಗೆ ಬಂದು ಆರು ತಿಂಗಳಾಗಿತ್ತು. ಕೋರ್ಟಿನ ಆದೇಶ ಹಿಡಿದು ಕುಷಾಯಿಗೂಡದ ಈ ಕನ್ನಡಿಗರ ಗಲ್ಲಿಗೆ ಬಂದರೆ, ಗೆಲ್ಲಬೇಕಾದವಳೇ ಅಳತೆ ಬೇಡ ಎನ್ನುತ್ತಿದ್ದಾಳೆ.

"ಕಲ್ಲು ಮನಿಷ್ಯಾರನ್ನ ತಿಂತೈತೇನ್ರಿ? ಹಂಗಾದ್ರ ಅದಕ್ಕೂ ಒಂದು ಬಿರಿಯಾನಿ ತರಿಸೋಣ ತಗೋರಿ."

ಸುಗಲಮ್ಮ ನಗಲಿಲ್ಲ. ಅವಳ ಮನೆಗೆ ಇದ್ದದ್ದು ಮೂರಡಿಯ ಒಂದೇ ಹಾದಿ. ಪಕ್ಕದ ಮನೆಯ ನರಹರಿ, ಪಿಂಚಣಿ ಪಡೆಯುವ ಸಭ್ಯ ಗೃಹಸ್ಥ, ಅದನ್ನು ಒಳಗೆ ಹಾಕಿಕೊಂಡು ಕಾಂಪೌಂಡ್ ಎಬ್ಬಿಸಿದ್ದ. ಈಗ ಅವಳು ಗಾರೆ ಕೆಲಸಕ್ಕೆ ಹೊರಡಬೇಕಾದರೆ ಹಿತ್ತಲಿನ ಚರಂಡಿಯ ಮೇಲಿನ ಹಲಗೆ ದಾಟಬೇಕು. ಹಿಂದೆ ಬಂದಿದ್ದ ಇಬ್ಬರು ಸರ್ವೇಯರುಗಳಲ್ಲಿ ಒಬ್ಬ ಹಾಸಿಗೆ ಹಿಡಿದ. ಇನ್ನೊಬ್ಬ ‘ಗಡಿಕಲ್ಲು ಸಿಗಲಿಲ್ಲ’ ಎಂದು ಬರೆದು ಜಾರಿಕೊಂಡ. ಇಂದೂ ಅಳತೆ ಆಗದಿದ್ದರೆ ದಾವೆ ವಜಾ ಎಂದು ನ್ಯಾಯಾಧೀಶರು ಖಡಾಖಂಡಿತವಾಗಿ ಹೇಳಿದ್ದರು.

ಕಲ್ಲು ಹೂತಿದ್ದದ್ದು ನರಹರಿಯ ಅಂಗಳದ ಮೂಲೆಯಲ್ಲಿ. ಅವನು ಬೆತ್ತದ ಕುರ್ಚಿಯಲ್ಲಿ ಕುಳಿತು ಚಹಾ ಕುಡಿಯುತ್ತಿದ್ದ. "ಅಳೀರಿ, ಅಳೀರಿ. ನಂದೇನ್ ಅಡ್ಡಿ ಇಲ್ಲ." ಅಳತೆ ದಾಖಲಿಸಲು ಕೋರ್ಟ್ ಕಮಿಷನರ್ ಆಗಿ ಬಂದಿದ್ದ ವಕೀಲ ಗೋಪಿನಾಥ ಮಾತ್ರ ಕೊಡೆ ಬಿಚ್ಚಿಕೊಂಡು ಹತ್ತು ಹೆಜ್ಜೆ ದೂರವೇ ನಿಂತಿದ್ದ.

ವಿಜಯಶ್ರೀ ತಾನೇ ಗುದ್ದಲಿ ಹಿಡಿದಳು. ಒಂದಡಿ ಅಗೆಯುವಷ್ಟರಲ್ಲಿ ಸುಟ್ಟ ಕೂದಲಿನ ಕಮಟು ಎದ್ದಿತು. ಕಲ್ಲು ಕಂಡಿತು. ಅದರ ಬುಡದಲ್ಲಿ ತುಕ್ಕು ಹಿಡಿದ ಡಬ್ಬಿ. ಡಬ್ಬಿಯೊಳಗೆ ಬೇವಿನೆಣ್ಣೆಯಲ್ಲಿ ನೆಂದ ದಾರಗಳು, ಗಂಟು ಗಂಟಾಗಿ.

"ಆಳಳತೆ ದಾರ ರೀ," ಎನ್ನುತ್ತ ಸುಗಲಮ್ಮ ಹಿಂದಕ್ಕೆ ಸರಿದಳು. "ನೆತ್ತಿಯಿಂದ ಅಂಗಾಲತನಕ ಅಳದು, ಗಂಟ ಹಾಕಿ ಹೂಳ್ತಾರ. ಗಂಟಿಗೊಂದು ಅಂಗ ಹೋಗ್ತೈತಿ. ಆ ಕಲ್ಲು ಹಿಡಿದವ್ರನ್ನ, ಹೂಳಿದವ್ರಾದ್ರೂ ಸೈತ, ಬಿಡೂದಿಲ್ಲ. ಆ ಕರೀದು ನನ್ನ ಗಂಡ ಮೌನಪ್ಪಂದು."

"ಅಳತಿ ಮಾಡೋದು ನಾನೂ ಕಲ್ತೀನಿ," ಎಂದಳು ವಿಜಯಶ್ರೀ. ಟೇಪಿನ ಸೊನ್ನೆ ತುದಿಯನ್ನು ಬಲಗೈಯಿಂದ ಕಲ್ಲಿಗೆ ಒತ್ತಿ ಹಿಡಿದಳು. ಗೋಪಿನಾಥ ಒಲ್ಲದ ಮನಸ್ಸಿನಿಂದ ಇನ್ನೊಂದು ತುದಿಯನ್ನು ಕಾಂಪೌಂಡ್ ಗೋಡೆಯತ್ತ ಎಳೆದುಕೊಂಡು ನಡೆದ. ಗಡಿಕಲ್ಲಿನಿಂದ ಗೋಡೆ ಎಷ್ಟು ಆಚೆ ಇದೆಯೋ ಅಷ್ಟೂ ಒತ್ತುವರಿ.

ಗಲ್ಲಿಯ ಆಟೋಗಳ ಸದ್ದು ನಿಂತಿತು. ಸುಡುವ ಮಧ್ಯಾಹ್ನ. ಆದರೂ ಗುಂಡಿಯೊಳಗಿನ ಕತ್ತಲು ಮೇಲೇರುತ್ತಿತ್ತು. ಡಬ್ಬಿಯಲ್ಲಿ ಒಂದು ಬಿಳಿ ದಾರ ಅಲುಗಾಡಿತು. ಅದು ಮೊದಲು ಅಲ್ಲಿರಲಿಲ್ಲ. ತಾನಾಗಿಯೇ ಸುತ್ತಿಕೊಂಡಿತು. ಬಿಗಿಯಿತು. ಒಂದು ಗಂಟು. ಅವಳ ಕಿರುಬೆರಳು ತಣ್ಣಗಾಯಿತು. ಇನ್ನೊಂದು ಗಂಟು. ಉಗುರುಗಳು ಕಪ್ಪಾದವು.

ನರಹರಿ ಚಹಾದ ಲೋಟ ಹಿಡಿದೇ ಹತ್ತಿರ ಬಂದ. "ಟೇಪ್ ಬಿಡವ್ವಾ. ಕಲ್ಲು ಸಿಗಲಿಲ್ಲ ಅಂತ ಬರಿ. ಗಂಟು ತಾವೇ ಬಿಚ್ಚತಾವ."

ಅವಳಿಗೆ ಹೆದರಿಕೆಯಾಯಿತು. ಎದೆ ಒಡೆಯುವಷ್ಟು ಹೆದರಿಕೆ. ಆದರೆ ಅದಕ್ಕಿಂತ ದೊಡ್ಡ ಸಿಟ್ಟು ಬಂದಿತು. ಮೂರಡಿ ಮಣ್ಣಿಗಾಗಿ ಈ ಮನುಷ್ಯ ಒಬ್ಬನನ್ನು ಗಂಟು ಗಂಟಾಗಿ ಕೊಂದು, ಇಲ್ಲಿ ಕುಳಿತು ಚಹಾ ಕುಡಿಯುತ್ತಿದ್ದಾನೆ!

"ಸರ್, ಅಂಕಿ ಓದ್ರಿ!"

ಗೋಪಿನಾಥ ಅವಳ ಕೈಯನ್ನೇ ನೋಡುತ್ತಿದ್ದ. ಮೂರನೇ ಗಂಟು. ಮಣಿಕಟ್ಟು ಮರಗಟ್ಟಿತು.

"ಬಿಡ್ರಿ ಮೇಡಂ! ನಿಮ್ಮ ಕಾಲಿಗೆ ಬೀಳ್ತೀನಿ!" ಸುಗಲಮ್ಮ ಅಳುತ್ತಿದ್ದಳು.

ನಾಲ್ಕನೇ ಗಂಟು. ಮೊಳಕೈ. "ಓದ್ರಿ!"

"ಮೂರಡಿ... ಮೂರಡಿ ಎರಡಿಂಚು!"

"ಬರಕೋರಿ!"

ಅವನು ಬರೆದ ಮೇಲೆಯೇ ಅವಳು ಟೇಪು ಬಿಟ್ಟಳು. ಬಲಗೈ ಪಕ್ಕಕ್ಕೆ ಜೋತುಬಿತ್ತು, ಒಣಗಿದ ಹೀರೇಕಾಯಿಯಂತೆ. "ಸಹಿ ಯಾರ್ ಮಾಡ್ತಾರ ಈಗ?" ಎಂದು ನರಹರಿ ನಕ್ಕ. ವಿಜಯಶ್ರೀ ಹಲ್ಲಿನಿಂದ ಇಂಕ್ ಪ್ಯಾಡಿನ ಮುಚ್ಚಳ ಕಿತ್ತು, ವರದಿಯ ಮೇಲೆ ಎಡಗೈ ಹೆಬ್ಬೆಟ್ಟು ಒತ್ತಿದಳು.

ವಿಚಾರಣೆಯ ದಿನ ನರಹರಿಯ ವಕೀಲರು ಎದ್ದು, ಹೆಬ್ಬೆಟ್ಟೊತ್ತಿದ ಸರ್ವೇಯರ್ ಮಾಡಿದ ಅಳತೆಯನ್ನು ನಂಬಲಾಗದು, ಮರು ಅಳತೆಯಾಗಲಿ ಎಂದು ವಾದಿಸಿದರು. ನ್ಯಾಯಾಧೀಶರು ವಿಜಯಶ್ರೀಯನ್ನೊಮ್ಮೆ ನೋಡಿದರು. ಅವಳ ಬಲ ತೋಳು ಮೊಳಕೈಯಿಂದ ಕೆಳಗೆ ಬರಿದಾಗಿತ್ತು. ವೈದ್ಯರಿಗೆ ಅದನ್ನು ಕತ್ತರಿಸದೆ ವಿಧಿಯಿರಲಿಲ್ಲ.

"ಆಗಲಿ," ಎಂದು ಅವರು ಹೇಳಿದರು. "ಸಂದೇಹ ಇರುವವರೇ ಕಲ್ಲಿನ ಹತ್ತಿರ ಟೇಪು ಹಿಡಿಯಲಿ. ನಾಳೆ ಹನ್ನೊಂದಕ್ಕೆ."

ನರಹರಿಯ ಮುಖದಲ್ಲಿ ಹನಿ ರಕ್ತ ಉಳಿಯಲಿಲ್ಲ. ತನ್ನ ಎರಡೂ ಕೈಗಳನ್ನು ಜೇಬಿಗೆ ತುರುಕಿಕೊಂಡ.

"ಬ್ಯಾಡ್ರಿ ಸಾಹೇಬ್ರ," ಎಂದ. "ಅಳತಿ ಬರೋಬ್ಬರಿ ಐತಿ."